ನಡೆದು ನೋಡುವ ಬಸವಂತರಾಯರು

ಹೈದರಾಬಾದಿನ ಕೋಠಿ ಬಜಾರಿನ ಒಂದು ಚಪ್ಪಲಿ ಅಂಗಡಿಯಿಂದ ಬಸವಂತರಾಯರು ಒಂದು ಕಾಲಿಗೆ ಹೊಸ ಬೂಟು, ಇನ್ನೊಂದು ಕಾಲಿಗೆ ಹಳೆಯ ಬೂಟು ಹಾಕಿಕೊಂಡು ರಸ್ತೆಗಿಳಿದದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ. ಅಂಗಡಿಯವನು ಗಲ್ಲಾ ಬಿಟ್ಟು ಹಿಂದೆಯೇ ಓಡಿದ. ರಾಯರು ತಿರುಗಿಯೂ ನೋಡದೆ ಸಾಲಿನ ಕೊನೆಯ ಅಂಗಡಿಯವರೆಗೆ ನಡೆದು, ಅಲ್ಲಿ ನಿಂತು ಬೂಟಿನೊಳಗೆ ಹೆಬ್ಬೆರಳು ಆಡಿಸಿ, ಅದೇ ಗತಿಯಲ್ಲಿ ವಾಪಸು ಬಂದರು. ನಿನ್ನದೊಂದು ಬೂಟು ನನ್ನ ಕಾಲಲ್ಲಿದೆ, ನನ್ನದೊಂದು ನಿನ್ನ ಅಂಗಡಿಯಲ್ಲಿದೆ, ಹೆದರಿಕೆ ಯಾಕೆ ಮಿಯಾ ಎಂದು ಹೈದರಾಬಾದಿ ಹಿಂದಿಯಲ್ಲಿ ಅವನಿಗೆ ಸಮಾಧಾನ ಹೇಳಿ, ಬೂಟು ಕಳಚಿ ಕೈಗೆ ಕೊಟ್ಟರು. ಕೊಳ್ಳಲಿಲ್ಲ.

“ನಿಂತು ನೋಡಿದ್ರ ಎಲ್ಲಾ ಬೂಟೂ ಛಲೋನ ಕಾಣತಾವ್ರಿ ಅಕ್ಕೋರ,” ಎಂದು ನನ್ನ ಕಡೆ ತಿರುಗಿದರು. “ನಡದು ನೋಡಬೇಕು. ಎಲ್ಲಿ ಕಚ್ಚತೈತಿ ಅನ್ನೋದು ಆವಾಗನ ಗೊತ್ತಾಗೋದು.”

ನನಗೆ ನಾಚಿಕೆಯಿಂದ ನೆಲ ಬಿರಿಯಬಾರದೇ ಅನ್ನಿಸಿತ್ತು. ನಾನು ಸ್ವಭಾವತಃ ಅವಸರದವಳು. ತರಕಾರಿಯನ್ನೂ ಮುಟ್ಟಿ ನೋಡದೆ ಕೊಂಡು, ಮನೆಗೆ ಬಂದು ಬೈದುಕೊಳ್ಳುವ ಜಾತಿ.

ರಾಯರದು ಅಜ್ಜನ ಕಾಲಕ್ಕೇ ಕಲಬುರಗಿ ಕಡೆಯಿಂದ ಹೈದರಾಬಾದಿಗೆ ಬಂದು ನೆಲೆಸಿದ ಮನೆತನ. ಸರ್ಕಾರಿ ಕಚೇರಿಯೊಂದರಲ್ಲಿ ಹೆಡ್ ಕ್ಲಾರ್ಕ್ ಆಗಿ ನಿವೃತ್ತರಾಗಿದ್ದರು. ನಮ್ಮ ಅಪಾರ್ಟ್‌ಮೆಂಟಿನ ನೆಲಮಹಡಿಯಲ್ಲಿ ಅವರು, ಮೂರನೆಯ ಮಹಡಿಯಲ್ಲಿ ನಾನು. ಹೆಂಡತಿ ತೀರಿಕೊಂಡ ಮೇಲೂ ಎರಡು ಹೊತ್ತು ಜೋಳದ ರೊಟ್ಟಿ ತಾವೇ ಬಡಿದುಕೊಂಡು ಆರಾಮಾಗಿದ್ದರು. ನಾನು ಅಮೀರ್‌ಪೇಟ್‌ನ ಒಂದು ತರಬೇತಿ ಸಂಸ್ಥೆಯಲ್ಲಿ ಕಂಪ್ಯೂಟರ್ ಕಲಿಸುವವಳು. ನಮ್ಮ ಕಡೆ ಸಾಲಿ ಕಲಿಸುವ ಹೆಂಗಸರಿಗೆ ಅಕ್ಕೋರು ಅನ್ನುವುದು ವಾಡಿಕೆ. ಹೀಗಾಗಿ ವಯಸ್ಸಿನಲ್ಲಿ ಮಗಳಷ್ಟಿದ್ದರೂ ನಾನು ಅವರಿಗೆ ಅಕ್ಕೋರು, ಅವರು ನನಗೆ ಕಾಕಾ.

ಅವರ ನಡೆದು ನೋಡುವ ಚಟ ಬೂಟಿಗೆ ಮುಗಿಯುತ್ತಿರಲಿಲ್ಲ. ಈ ಮನೆ ಕೊಳ್ಳುವ ಮೊದಲು ಒಂದು ಚಾಪೆ, ಒಂದು ತಂಬಿಗೆ ನೀರು ತಂದು ಖಾಲಿ ಮನೆಯಲ್ಲಿ ಬೆಳಗಿನಿಂದ ಸಂಜೆಯವರೆಗೆ ಕೂತಿದ್ದರಂತೆ. ಬಿಸಿಲು ಎಲ್ಲಿಂದ ಬಂದು ಎಲ್ಲಿಗೆ ಹೋಗುತ್ತದೆ, ಮೇಲಿನವರು ಎಷ್ಟು ಹೊತ್ತಿಗೆ ಕುಟ್ಟುತ್ತಾರೆ, ಎಲ್ಲ ನೋಡಿಕೊಂಡೇ ಹೂಂ ಅಂದದ್ದು. ಮಗಳಿಗೆ ಗಂಡು ಗೊತ್ತು ಮಾಡುವಾಗಲೂ ಅಷ್ಟೇ. ನೋಡುವ ಶಾಸ್ತ್ರವೆಲ್ಲ ಮುಗಿದ ವಾರಕ್ಕೆ, ಹೇಳದೆ ಕೇಳದೆ ಮಟಮಟ ಮಧ್ಯಾಹ್ನ ಬೀಗರ ಮನೆಗೆ ಹೋಗಿ ಕುಡಿಯಲು ನೀರು ಕೇಳಿದರು. ಯಾರು ಏಳುತ್ತಾರೆ ನೋಡಬೇಕಾಗಿತ್ತು. ತಾಯಿಯನ್ನು ಕೂಗದೆ, ತಂಗಿಗೆ ಕಣ್ಸನ್ನೆ ಮಾಡದೆ ಹುಡುಗ ತಾನೇ ಎದ್ದು ನೀರು ತಂದ. ಅಲ್ಲೇ ಸಂಬಂಧ ಗಟ್ಟಿಯಾಯಿತು. ಆ ಅಳಿಯ ಈಗ ಶಂಶಾಬಾದಿನಲ್ಲಿ, ವಿಮಾನ ನಿಲ್ದಾಣದ ಕೆಲಸದಲ್ಲಿದ್ದಾನೆ.

ಭಾನುವಾರ ಬೆಳಿಗ್ಗೆ ಮಾತ್ರ ರಾಯರ ಮನೆ ಮತ್ತೆ ಕಚೇರಿಯಾಗುತ್ತಿತ್ತು. ಯಾದಗಿರಿ, ರಾಯಚೂರು ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವರು ಬಾಗಿಲಲ್ಲಿ ಚಪ್ಪಲಿ ಬಿಟ್ಟು ಸಾಲಾಗಿ ಕೂರುತ್ತಿದ್ದರು. ಮಗುವಿನ ಶಾಲೆ, ರೇಷನ್ ಕಾರ್ಡು, ಮುದುಕಿಯ ಪಿಂಚಣಿ, ಯಾವುದಕ್ಕೆ ಅರ್ಜಿ ಬೇಕಿದ್ದರೂ ರಾಯರು ತಮ್ಮ ಹಳೆಯ ಕಂಪ್ಯೂಟರಿನಲ್ಲಿ ಬರೆದುಕೊಡುತ್ತಿದ್ದರು. ಊರಿನ ಕಚೇರಿಗೆ ಕನ್ನಡದಲ್ಲಿ, ಇಲ್ಲಿಯದಕ್ಕೆ ತೆಲುಗಿನಲ್ಲಿ. ಬರೆದದ್ದನ್ನು ಅವರ ಮಾತಿನಲ್ಲೇ ಓದಿ ಹೇಳಿ, “ನಿಮ್ಮ ಮಾತಽ ಐತೇನು ಇದರಾಗ?” ಎಂದು ಕೇಳುವರು. ಹೌದು ಅನ್ನುವವರೆಗೆ ಪ್ರಿಂಟು ಇಲ್ಲ.

ಒಮ್ಮೆ ಯಾದಗಿರಿ ಕಡೆಯ ಹಣಮವ್ವ, ಕಬ್ಬಿಣ ಹೊರುವ ಗಟ್ಟಿ ಹೆಂಗಸು, ಮಗಳ ಟಿ.ಸಿ.ಗೆ ಅರ್ಜಿ ಬರೆಸಲು ಬಂದಿದ್ದಳು. ರಾಯರು ಓದಿದ್ದೆಲ್ಲ ಕೇಳಿ ತಲೆ ಅಲ್ಲಾಡಿಸಿದಳು.

“ಇಲ್ರೀ ಯಪ್ಪಾ. ಬೇಡಿಕೋತೀನಿ ಅಂತ ಬರದೀರಿ. ನಾ ಬೇಡಾಕ ಬಂದಿಲ್ಲ, ಕೇಳಾಕ ಬಂದೀನಿ. ನಮ್ಮ ಹುಡುಗಿ ಓದಿದ್ದು ಖರೇ ಅಲ್ಲೇನ್ರಿ?”

ರಾಯರು ಕನ್ನಡಕ ತೆಗೆದು ಒರೆಸಿದರು. “ಮೂವತ್ತು ವರ್ಷ ನೌಕರಿ ಮಾಡಿದೆ. ಈ ಮಾತ ಯಾರೂ ಹೇಳಲಿಲ್ಲ ನೋಡ್ರಿ,” ಅಂದು ಆ ಪದ ಹೊಡೆದುಹಾಕಿ, ಕೇಳುತ್ತೇನೆ ಎಂದು ಬರೆದರು. ಅವತ್ತಿನಿಂದ ಅವರ ಯಾವ ಅರ್ಜಿಯಲ್ಲೂ ಬೇಡುವ ಮಾತು ಇರಲಿಲ್ಲ.

ಇಂಥ ಭಾನುವಾರಕ್ಕೇ ಕುತ್ತು ಬಂದಿತ್ತು. ಅವರ ಕಂಪ್ಯೂಟರಿನಲ್ಲಿದ್ದ ಆಪರೇಟಿಂಗ್ ಸಿಸ್ಟಮ್‌ಗೆ ವಯಸ್ಸಾಗಿ, ಅದನ್ನು ಮಾಡಿದವರೇ ಕೈಬಿಟ್ಟಿದ್ದರು. ವಾರಕ್ಕೊಮ್ಮೆ ಅರ್ಜಿಯ ನಡುವೆ ಪರದೆ ನೀಲಿಯಾಗಿ ನಿಂತುಬಿಡುತ್ತಿತ್ತು. ಯಂತ್ರ ಗಟ್ಟಿ ಇದೆ, ಪುಕ್ಕಟೆ ಸಿಗುವ ಬೇರೆ ಸಿಸ್ಟಮ್ ಹಾಕಿಕೊಡುತ್ತೇನೆ, ಅರ್ಧ ದಿನದ ಕೆಲಸ ಅಂದೆ. ರಾಯರು ಒಪ್ಪಲಿಲ್ಲ. ಅವರು ಹೇಳದೆಯೇ ನಾನು ಊಹಿಸಬೇಕಿತ್ತು.

“ಹಾಕಿದ ಮ್ಯಾಲ ಕಚ್ಚಿದ್ರ? ಭಾನುವಾರ ಬಂದು ಕುಂತವರಿಗೆ ನಾ ಏನ್ ಹೇಳಲಿ? ಮದಲ ನಡದು ನೋಡ್ತೀನ್ರಿ.”

ಅವರ ಯಂತ್ರವನ್ನು ಮುಟ್ಟದೆ ನಡೆದು ನೋಡುವುದು ಹೇಗೆ? ಮೊಮ್ಮಗಳ ಮುಖ ನೋಡಲೆಂದು ಮಗಳು ಒಂದು ಟ್ಯಾಬ್ಲೆಟ್ ಕೊಡಿಸಿದ್ದಳು. ರಾಯರು ಅದಕ್ಕೆ ಪಾಟಿ ಅನ್ನುತ್ತಿದ್ದರು, ನಾವೆಲ್ಲ ಅಕ್ಷರ ತಿದ್ದಿದ ಪಾಟಿ. ಮೂರನೆಯ ಮಹಡಿಯ ನನ್ನ ಮನೆಯಲ್ಲಿ ಬಳಕೆಯಿಲ್ಲದೆ ಕೂತಿದ್ದ ಒಂದು ಕಂಪ್ಯೂಟರಿಗೆ ಹೊಸ ಸಿಸ್ಟಮ್ ಹಾಕಿ, ಅದರ ಪರದೆ ಇಡಿಯಾಗಿ ಕೆಳಗಿನ ಪಾಟಿಯಲ್ಲಿ ಮೂಡುವ ಹಾಗೆ ಮಾಡಿದೆ. ಇಲ್ಲಿ ಬೆರಳು ಇಟ್ಟರೆ ಅಲ್ಲಿ ಬಾಣ ಓಡುತ್ತದೆ, ಇಲ್ಲಿ ಒತ್ತಿದರೆ ಅಲ್ಲಿ ಅಕ್ಷರ ಬೀಳುತ್ತದೆ.

ರಾಯರು ಮೂರು ಮಹಡಿ ಹತ್ತಿ ಬಂದು, ಉಸಿರು ಬಿಡುತ್ತ ನನ್ನ ಕಂಪ್ಯೂಟರಿನ ಮುಂದೆ ನಿಂತರು. ಕೆಳಗೆ ಹೋಗಿ ಪಾಟಿ ಮುಟ್ಟಿದರು. ಫೋನು ಮಾಡಿ, “ಅಲ್ಲಿ ಬಾಣ ಅಳ್ಳಾಡತೈತೇನ್ರಿ?” ಎಂದು ಕೇಳಿದರು. ಅಲ್ಲಾಡುತ್ತಿತ್ತು. “ಬಿಲ್ಕುಲ್ ಖರೇ ಐತಿ,” ಎಂದು ತಮಗೆ ತಾವೇ ಹೇಳಿಕೊಂಡದ್ದು ನನಗೆ ಫೋನಿನಲ್ಲಿ ಕೇಳಿಸಿತು.

ಮರುದಿನದಿಂದ ಅವರು ಹೊತ್ತಿಗೆ ಸರಿಯಾಗಿ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಪಾಟಿಯ ಮುಂದೆ ಕೂತರು. ಪಕ್ಕದಲ್ಲೊಂದು ನೋಟ್‌ಬುಕ್ಕು. ಅದರಲ್ಲಿ ಬರೆದದ್ದನ್ನು ಸಂಜೆ ನನಗೆ ಓದುತ್ತಿದ್ದರು. “ಸದರಿ ಬಾಣವು ಬೆರಳಿನ ಕೆಳಗೆ ನಿಲ್ಲದೆ ಪಕ್ಕದಲ್ಲಿ ನಿಲ್ಲುತ್ತದೆ, ಇದು ಶಿಸ್ತಿಗೆ ವಿರುದ್ಧ.” “ಅಕ್ಷರದ ಮಣೆ ಮೇಲೆದ್ದಾಗ ಅರ್ಧ ಅರ್ಜಿ ಅದರ ಕೆಳಗೆ ಮುಚ್ಚಿಹೋಗುತ್ತದೆ, ಕ್ರಮ ಕೈಗೊಳ್ಳುವುದು.” “ಒತ್ತಿದ ಅಕ್ಷರ ಎರಡು ಉಸಿರು ತಡೆದು ಬೀಳುತ್ತದೆ, ವಿಳಂಬಕ್ಕೆ ಕಾರಣ ಕೇಳಲಾಗಿದೆ.” ನಾನು ನಕ್ಕು ನಕ್ಕು ಸುಸ್ತಾದೆ. ಆದರೆ ಅವರ ಒಂದೊಂದು ತಕರಾರಿಗೂ ಒಂದೊಂದು ಮದ್ದು ಹುಡುಕಿದೆ. ಅಮೀರ್‌ಪೇಟ್‌ನ ನನ್ನ ವಿದ್ಯಾರ್ಥಿಗಳು ಯಾರೂ ಒಂದು ಸಿಸ್ಟಮನ್ನು ಇಷ್ಟು ಮನಸ್ಸಿಟ್ಟು ನೋಡಿದವರಲ್ಲ.

ನಿಜವಾದ ತೊಂದರೆ ಬೇರೆಯೇ ಇತ್ತು. ಎರಡನೆಯ ದಿನ ಬೆಳಿಗ್ಗೆ ನಾನು ಪಾಠದ ನಡುವೆ ಇರುವಾಗ ರಾಯರ ಫೋನು. “ಅಕ್ಕೋರ, ನಿಮ್ಮ ಹೊಸ ಸಿಸ್ಟಮ್ ಬಾಗಲಾ ತಗೀವಲ್ತು.” ಮಧ್ಯಾಹ್ನದ ಬಿಡುವಿನಲ್ಲಿ ಮೆಟ್ರೊ ಹಿಡಿದು ಬಂದು, ಮಹಡಿ ಹತ್ತಿ ನೋಡಿದರೆ ಕಂಪ್ಯೂಟರ್ ಆರಿಹೋಗಿತ್ತು. ಕರೆಂಟು ಹೋಗಿರಬೇಕು ಅಂದುಕೊಂಡು ಹಚ್ಚಿ ಹೋದೆ. ಮರುದಿನವೂ ಅದೇ ಕಥೆ. ಇನ್ವರ್ಟರಿನ ಬ್ಯಾಟರಿಯನ್ನು ಬೈದೆ, ಅದನ್ನು ಕೂಡಿಸಿದವನನ್ನು ಕರೆಸಿ ಬೈದೆ. ಅವನು ಪಾಪ ಎಲ್ಲ ಬಿಚ್ಚಿ ತೋರಿಸಿ, ದೋಷವಿಲ್ಲ ಮೇಡಂ ಅಂದ. ಮೂರನೆಯ ದಿನ ಸಂಜೆ ಬೇಗ ಬಂದು ಕಂಪ್ಯೂಟರಿನ ಮುಂದೆಯೇ ಕಾವಲು ಕೂತೆ. ಸರಿಯಾಗಿ ಐದೂವರೆಗೆ ಬಾಣ ತಾನಾಗಿ ಎದ್ದು, ಮೂಲೆಗೆ ಹೋಗಿ, ಶಟ್‌ಡೌನ್ ಒತ್ತಿತು. ಪರದೆ ಕಪ್ಪಾಯಿತು. ನಾನು ದಡದಡ ಕೆಳಗಿಳಿದೆ.

“ಕಾಕಾ, ನೀವಽ ಬಂದ್ ಮಾಡಾಕತ್ತೀರಾ?”

“ಮತ್ತ? ಐದೂವರಿ ಆತಲ್ರೀ!” ರಾಯರಿಗೆ ನನ್ನ ಪ್ರಶ್ನೆಯೇ ವಿಚಿತ್ರ ಅನ್ನಿಸಿತ್ತು. ಕಚೇರಿಯಲ್ಲಿ ಕೀಲಿಕೈ ಅವರದಾಗಿತ್ತಂತೆ. ಎಲ್ಲರೂ ಹೋದ ಮೇಲೆ ಕಿಟಕಿ ಹಾಕಿ, ಮೇನ್ ಸ್ವಿಚ್ ಇಳಿಸಿ, ಬೀಗಕ್ಕೆ ಅರಗಿನ ಮುದ್ರೆ ಒತ್ತಿ ಹೊರಡುವವರು ಅವರೇ. “ಮಂದಿ ಮನಿಯಾಗ ದೀಪ ಹಚ್ಚಿಟ್ಟು ನಾ ಹೆಂಗ್ ಏಳಲಿ?”

“ಕಾಕಾ, ಇದು ಒಳಗಿನಿಂದ ಚಿಲಕ ಹಾಕಿ ಕಿಡಕ್ಯಾಗಿಂದ ಹಾರಿದಂಗ. ಮುಂಜಾನೆ ಬಂದು ಬಾಗಲಾ ಬಡದ್ರ ತಗಿಯೋರು ಒಳಗ ಯಾರ ಅದಾರ? ಡಿಸ್‌ಕನೆಕ್ಟ್ ಅಂತ ಐತಲ್ಲ, ಅದನ್ನಷ್ಟ ಒತ್ತಿ ಎದ್ದುಬಿಡ್ರಿ.”

ಅವರಿಗದು ನಿಜಕ್ಕೂ ಸಂಕಟದ ವಿಷಯವಾಗಿತ್ತು. ಕೊನೆಗೆ, “ಆತ್ರಿ. ಕೆಲಸ ಬಾಕಿ ಇರೋತನಕ ದೀಪ ಇರ್ಲಿ. ಪೂರಾ ಮುಗದ ದಿವಸ ಬಂದ್ ಮಾಡೋಣ,” ಅಂದರು. ಅಲ್ಲಿಂದ ಮುಂದೆ ಒಂದು ದಿನವೂ ತಪ್ಪಲಿಲ್ಲ.

ತಿಂಗಳು ತುಂಬಿದ ಮೇಲೆ, ಹಣಮವ್ವನ ಹಳೆಯ ಅರ್ಜಿಯನ್ನೇ ಪಾಟಿಯಿಂದ ಕನ್ನಡದಲ್ಲೊಮ್ಮೆ, ತೆಲುಗಿನಲ್ಲೊಮ್ಮೆ ಹೊಡೆದು, ನನ್ನ ಮನೆಯಲ್ಲಿ ಪ್ರಿಂಟು ತೆಗೆಸಿ, ಬೆಳಕಿಗೆ ಹಿಡಿದು ನೋಡಿ ಹೂಂ ಅಂದರು. ಅವರ ಯಂತ್ರಕ್ಕೆ ಹೊಸ ಸಿಸ್ಟಮ್ ಬಂತು. ಒಂದು ಭಾನುವಾರವೂ ತಪ್ಪದೆ ಕೆಲಸ ಸಾಗಿತು.

ಅದೇ ವರ್ಷ ಅವರ ಎದೆಯಲ್ಲಿ ನೋವು ಕಾಣಿಸಿಕೊಂಡಿತು. ಒಬ್ಬರೇ ಇರುವುದು ಬೇಡವೆಂದು ಡಾಕ್ಟರು ಹೇಳಿದ್ದಕ್ಕೆ ಮಗಳು ಶಂಶಾಬಾದಿಗೆ ಕರೆದುಕೊಂಡು ಹೋದಳು. ರಾಯರು ತಕರಾರು ಮಾಡಲಿಲ್ಲ. ಮನೆಯ ಕೀಲಿಕೈ ನನಗೆ ಕೊಟ್ಟು, ಪಾಟಿಯನ್ನು ಬಗಲಲ್ಲಿಟ್ಟುಕೊಂಡು ಕಾರು ಹತ್ತಿದರು. ಅದನ್ನು ಅವರ ಸ್ವಂತ ಕಂಪ್ಯೂಟರಿಗೆ ನಾನು ಆಗಲೇ ಜೋಡಿಸಿಕೊಟ್ಟಿದ್ದೆ.

ಮುಂದಿನ ಭಾನುವಾರ ನಾನು ಬಾಗಿಲು ತೆಗೆದು ಯಂತ್ರ ಹಚ್ಚಿಟ್ಟೆ. ಬಂದವರು ರಾಯರ ಖಾಲಿ ಕುರ್ಚಿ ನೋಡಿ ಹೊರಡಲು ನೋಡಿದರು. ಅಷ್ಟರಲ್ಲಿ ನನ್ನ ಫೋನಿನಿಂದ ರಾಯರ ದನಿ ಬಂತು, “ಕುಂಡ್ರಿ, ಎಲ್ಲಿ ಹೊಂಟೀರಿ? ಯಾರ್ದು ಮದಲ?” ಬಾಣ ಎದ್ದಿತು. ಬಿಳಿ ಹಾಳೆಯ ಮೇಲೆ ಒಂದೊಂದೇ ಅಕ್ಷರ ಬೀಳತೊಡಗಿತು. ಹಣಮವ್ವ ಪರದೆಯ ಹತ್ತಿರ ಹೋಗಿ, ಹಿಂದೆ ಇಣುಕಿ ನೋಡಿ, ಬಾಯಿಗೆ ಸೆರಗು ಹಿಡಿದು ನಕ್ಕಳು. “ರಾಯರು ಶಂಶಾಬಾದ್ನ್ಯಾಗ ಕುಂತು ಇಲ್ಲಿ ಬರೀತಾರೇನ್ರೀ ಯಕ್ಕಾ?” ಪ್ರಿಂಟರಿಗೆ ಹಾಳೆ ಹಾಕುವುದಷ್ಟೇ ನನ್ನ ಪಾಲಿನ ಕೆಲಸ. ನನಗೆ ಅಷ್ಟೇ ಬೇಕಾಗಿತ್ತು. ಅರ್ಜಿ ಬರೆಯುವ ತಾಳ್ಮೆ ನನ್ನ ಜಾಯಮಾನದಲ್ಲೇ ಇಲ್ಲ ಎಂದು ನಾನು ಎಲ್ಲರಿಗೂ ಹೇಳಿಕೊಂಡು ಬಂದವಳು.

ಕೆಲವು ವಾರ ಕಳೆದ ಮೇಲೆ ರಾಯರು, “ಪಾಟಿ ಒತ್ತಿ ಒತ್ತಿ ಬೆರಳ ನೋಯಾಕತ್ತಾವ. ಇವತ್ತ ನೀವ ಹೊಡೀರಿ ಅಕ್ಕೋರ, ನಾ ನೋಡ್ಕೋತ ಇರ್ತೀನಿ,” ಅಂದರು. ಗೊಣಗುತ್ತ ಕುರ್ಚಿಯ ತುದಿಯಲ್ಲಿ ಕೂತೆ. ನಾನು ಒಂದು ಸಾಲು ಹೊಡೆದರೆ ಬಾಣ ಬಂದು ಅರ್ಧ ಅಳಿಸುತ್ತಿತ್ತು. ಅವಸರದಲ್ಲಿ ಬೇಡಿಕೊಳ್ಳುತ್ತೇನೆ ಎಂದು ಬರೆದೆ. ಬಾಣ ಆ ಪದದ ಮೇಲೆ ನಿಂತು, ಒಂದು ಕ್ಷಣ ಕಾದು, ಅದನ್ನು ಗುಡಿಸಿಹಾಕಿತು. ನನಗೆ ಸಿಟ್ಟು ಬಂದು ಕೀಲಿಮಣೆ ತಳ್ಳಿದ್ದೂ ಉಂಟು. ಆದರೆ ಮುಂದಿನ ಭಾನುವಾರ ಮತ್ತೆ ಕೂತೆ. ಅದರ ಮುಂದಿನದಕ್ಕೂ ಕೂತೆ. ಬೆರಳು ನೋಯುವುದು ವಾಸಿಯಾಗಲೇ ಇಲ್ಲ.

ಬಾಣ ಜೊತೆಗಿದ್ದ ಕೊನೆಯ ಭಾನುವಾರ ನಾಲ್ಕು ಅರ್ಜಿ ಬರೆದೆ. ನಾಲ್ಕನೆಯದು ಹಣಮವ್ವನದು, ಮಗಳ ಹಾಸ್ಟೆಲಿಗೆ. ಓದಿ ಹೇಳಿ, “ನಿನ್ನ ಮಾತಽ ಐತೇನು ಇದರಾಗ?” ಎಂದು ಕೇಳಿದೆ. ಅವಳು, “ಐತ್ರೀ ಯಕ್ಕಾ,” ಅಂದಳು. ಹಾಳೆ ಹೊರಬಂತು. ಅಷ್ಟೂ ಹೊತ್ತು ಬಾಣ ಪರದೆಯ ಒಂದು ಮೂಲೆಯಲ್ಲಿ ಸುಮ್ಮನೆ ನಿಂತಿದ್ದನ್ನು ನಾನು ಗಮನಿಸಿದ್ದು ಆಗಲೇ. ನಾನು ನೋಡುತ್ತಿದ್ದ ಹಾಗೆ ಅದು ನಿಧಾನಕ್ಕೆ ಕೆಳಗಿಳಿದು, ಶಟ್‌ಡೌನ್ ಹತ್ತಿರ ಹೋಗಿ, ಒತ್ತಿತು. ಪರದೆ ಕಪ್ಪಾಯಿತು.

“ಕಾಕಾ!” ಫೋನಿನಲ್ಲಿ ಕಿರುಚಿದೆ. “ಮತ್ತ ಬಂದ್ ಮಾಡಿದ್ರ್ಯಲ್ಲಾ! ಇನ್ನೊಬ್ಬರು ಕುಂತಾರ ಇಲ್ಲೆ!”

“ಗೊತ್ತೈತ್ರಿ,” ಅಂದರು. ದನಿಯಲ್ಲಿ ದಣಿವಿತ್ತು, ನಗೆಯೂ ಇತ್ತು. “ನಂದು ಮುಗೀತ್ರಿ. ಎರಡು ತಿಂಗಳಾತು, ನಿಮ್ಮನ್ನ ನಡದು ನೋಡಾಕತ್ತಿದ್ದೆ. ಎಲ್ಲೂ ಕಚ್ಚವಲ್ತು.”

ಅದಾದ ಹನ್ನೊಂದನೆಯ ದಿನ, ಮಧ್ಯಾಹ್ನ ನೀರು ಕೇಳಿ ಕುಡಿದು ಮಲಗಿದವರು ಮತ್ತೆ ಏಳಲಿಲ್ಲ. ನೀರು ತಂದುಕೊಟ್ಟವನು ಅಳಿಯನೇ. ಅವರನ್ನು ನೆನೆದರೆ ನನಗೆ ದುಃಖಕ್ಕಿಂತ ಹೆಮ್ಮೆಯೇ ಹೆಚ್ಚಾಗುತ್ತದೆ. ಅಷ್ಟು ಬೂಟುಗಳನ್ನು ವಾಪಸು ಕೊಟ್ಟ ಮನುಷ್ಯ ನನ್ನನ್ನು ಮಾತ್ರ ವಾಪಸು ಕೊಡಲಿಲ್ಲವಲ್ಲ.

ಆದರೆ ಆ ಭಾನುವಾರ ನನಗೆ ಇದೇನೂ ಗೊತ್ತಿರಲಿಲ್ಲ. ಫೋನು ಕೆಳಗಿಟ್ಟೆ. ಬಾಗಿಲ ಬಳಿ ರಾಯಚೂರು ಕಡೆಯ ಮುದುಕರೊಬ್ಬರು ಮಡಿಸಿದ ಕಾಗದ ಹಿಡಿದು ಕಾಯುತ್ತಿದ್ದರು. ನಾನು ಬಗ್ಗಿ, ಮೇಜಿನ ಕೆಳಗೆ ಕೈಹಾಕಿ ಯಂತ್ರದ ಗುಂಡಿ ಒತ್ತಿದೆ. ಅದು ಎಚ್ಚರಾಗುವುದರೊಳಗೆ ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡು ಸರಿಯಾಗಿ ಕೂತೆ.

“ಬರ್ರಿ ಯಜ್ಜಾ,” ಅಂದೆ. “ಅವಸರಿಲ್ಲ, ಸಾವಕಾಶ ಹೇಳ್ರಿ.”