ಖಜಾಂಚಿಗಳೇ ಎಂದು ಕರೆಸಿಕೊಂಡ ನಾಲ್ಕು ವರ್ಷ

2015ರಲ್ಲಿ ಕೆನಡಾದ ಮಿಸ್ಸಿಸಾಗಾ ಊರಿನ ನಮ್ಮ ಕನ್ನಡ ಸಂಘಕ್ಕೆ ನಾನು ಖಜಾಂಚಿಯಾದೆ. ಚುನಾಯಿತ ಖಜಾಂಚಿ ಎಂದು ಸಂಘದ ನೋಟೀಸಿನಲ್ಲೇನೋ ಅಚ್ಚಾಯಿತು, ಆದರೆ ನಡೆದದ್ದು ಇಷ್ಟೇ. ಅಧ್ಯಕ್ಷರು "ಖಜಾಂಚಿ ಯಾರಾಗ್ತೀರಿ?" ಎಂದು ಕೇಳಿದರು. ಇಡೀ ಸಭೆ ತಲೆ ತಗ್ಗಿಸಿ ಫೋನು ನೋಡತೊಡಗಿತು. ನನ್ನ ಫೋನನ್ನು ಮೂಲೆಯಲ್ಲಿ ಚಾರ್ಜಿಗೆ ಹಾಕಿದ್ದೆ, ಹಾಗಾಗಿ ತಲೆ ಎತ್ತಿಕೊಂಡು ಕೂತಿದ್ದವನು ನಾನೊಬ್ಬನೇ. ಅವಿರೋಧವಾಗಿ ಆಯ್ಕೆಯಾದೆ.

ಮೊದಲ ತಿಂಗಳು ಗೊಣಗಿದೆ. ಆಮೇಲೆ ರುಚಿ ಹತ್ತಿತು. ಮೆಡೋವೇಲಿನ ಆಫೀಸಿನಲ್ಲಿ ನಾನು ಮೂರನೇ ಸಾಲಿನ ಕ್ಯೂಬಿಕಲ್ಲಿನ ಮನುಷ್ಯ, ಅಷ್ಟೇ. ನನ್ನ ಹೆಸರು ಬಾಯಿಗೆ ಹೊರಳದೆ ಮ್ಯಾನೇಜರು ಮೊದಲ ಅಕ್ಷರದಲ್ಲೇ ಕೆಲಸ ಮುಗಿಸುತ್ತಿದ್ದರು. ಮನೆಯಲ್ಲಿ ನಾನು "ರೀ". ಆದರೆ ಯುಗಾದಿಯ ದಿನ ಸಭಾಂಗಣದ ಬಾಗಿಲಲ್ಲಿ ಮೇಜು ಹಾಕಿಕೊಂಡು, ದುಡ್ಡು ಹಾಕುವ ಬಿಸ್ಕತ್ತಿನ ಡಬ್ಬಿ ಮುಂದಿಟ್ಟುಕೊಂಡು ಊಟದ ಟಿಕೆಟ್ ಹರಿಯುತ್ತಾ ಕೂತರೆ ನಾಲ್ಕು ದಿಕ್ಕಿನಿಂದಲೂ ಕರೆ. "ಖಜಾಂಚಿಗಳೇ, ಒಬ್ಬಟ್ಟು ಎಷ್ಟು ಹೇಳೋಣ?" "ಖಜಾಂಚಿಗಳೇ, ಹೀಟಿಂಗ್ ವರ್ಕ್ ಆಗ್ತಿಲ್ಲ, ಸ್ವಲ್ಪ ನೋಡಿ." ಹೀಟಿಂಗಿಗೂ ಖಜಾಂಚಿಗೂ ಏನು ಸಂಬಂಧ? ಆದರೂ ಎದ್ದು ಹೋಗುತ್ತಿದ್ದೆ. ಹಾಗೆ ಕರೆಸಿಕೊಳ್ಳುವುದು ನನಗೆ ಅಷ್ಟು ಹಿತವಾಗಿತ್ತು. ಎರಡು ವರ್ಷದ ಅವಧಿ ಮುಗಿದು 2017ರಲ್ಲಿ ಮತ್ತೆ ಕೇಳಿದಾಗಲೂ ಎಲ್ಲರೂ ಫೋನು ನೋಡಿದರು, ನಾನು ಬೇಕೆಂದೇ ನೋಡಲಿಲ್ಲ.

2019ರಲ್ಲಿ, ವಾರ್ಷಿಕ ಸಭೆಗೆ ಎರಡು ವಾರ ಇದ್ದಾಗ, ಒಂದು ಭಾನುವಾರ ಮನೆಯ ಬೆಲ್ ಆಯಿತು. ಅರೋರಾದಲ್ಲಿರುವ ಧಾರವಾಡದ ಹುಡುಗಿ. ಸಾಫ್ಟ್‌ವೇರ್ ಇಂಜಿನಿಯರ್, ಸಂಘಕ್ಕೆ ಸೇರಿ ಎರಡು ವರ್ಷವಾಗಿತ್ತು. ಕೈಯಲ್ಲಿ ಒಂದು ಡಬ್ಬಿ ಶೇಂಗಾ ಹೋಳಿಗೆ.

"ಸರ್, ಈ ಸಲ ಖಜಾಂಚಿಗೆ ನಾ ನಿಲ್ಲಬೇಕಂತ ಮಾಡೇನ್ರಿ. ನಿಮ್ಮನ್ನ ಕೇಳಲಾರದ ಹೆಂಗ ನಿಲ್ಲೂದಂತ ಬಂದೆ. ನಿಮಗ ಬ್ಯಾಸರ ಆಗಂಗಿಲ್ಲಲ್ರಿ?"

ನನ್ನನ್ನು ಸೋಲಿಸುವುದಕ್ಕೆ ನನ್ನದೇ ಅಪ್ಪಣೆ! "ಧಾರಾಳವಾಗಿ ನಿಲ್ಲಮ್ಮಾ, ಹೊಸಬರು ಬರಬೇಕು" ಎಂದೆ, ದೊಡ್ಡ ಮನುಷ್ಯನ ಗತ್ತಿನಲ್ಲಿ. ನನ್ನ ಹೆಂಡತಿ ಬೇರೆ, ಆ ಹುಡುಗಿ ಹೊರಡುವಾಗ ಕುಂಕುಮ ಕೊಟ್ಟು, ರವಿಕೆ ಬಟ್ಟೆ ಕೊಟ್ಟು, "ಒಳ್ಳೇದಾಗ್ಲಿ, ಗೆದ್ದು ಬಾ" ಅಂದುಬಿಟ್ಟಳು.

ಬಾಗಿಲು ಹಾಕಿದ ಮೇಲೆ ಕೇಳಿದೆ, "ನೀನು ಯಾರ ಕಡೆ?"

"ಮನೆಗೆ ಬಂದವರಿಗೆ ಸೋತು ಬಾ ಅನ್ನಕ್ಕಾಗತ್ತೇನ್ರೀ?"

ಸಿಟ್ಟಿಗೆ ನಾಲ್ಕು ಹೋಳಿಗೆ ತಿಂದೆ. ಚೆನ್ನಾಗಿತ್ತು, ಅದೇ ಇನ್ನೂ ಸಿಟ್ಟು.

ಸಭೆಯ ದಿನ ಅಧ್ಯಕ್ಷರು ಗಾಬರಿಯಾಗಿದ್ದರು. ಸಂಘದಲ್ಲಿ ಅಲ್ಲಿಯವರೆಗೆ ಯಾರಿಗೂ ಯಾರೂ ಎದುರು ನಿಂತದ್ದಿಲ್ಲ. "ಇವರಿಗೆ ಯಾರ್ಯಾರು, ಕೈ ಎತ್ತಿ" ಎಂದು ನನ್ನನ್ನು ತೋರಿಸಿದರು. ಸಭೆಯಲ್ಲಿದ್ದ ಅಷ್ಟೂ ಕೈಗಳು ಮೇಲೆದ್ದವು. ನನ್ನ ಎದೆ ಉಬ್ಬಿತು. "ಇನ್ನು ಇವರಿಗೆ" ಎಂದು ಅವಳನ್ನು ತೋರಿಸಿದರು. ಅಷ್ಟೂ ಕೈಗಳು ಮತ್ತೆ ಮೇಲೆದ್ದವು. ನನ್ನ ಹೆಂಡತಿಯದೂ. ನಿಜ ಹೇಳಬೇಕೆಂದರೆ ನನ್ನದೂ.

"ಒಬ್ಬರಿಗೆ ಮಾತ್ರ ಎತ್ತಬೇಕು ಸ್ವಾಮೀ" ಎಂದು ಅಧ್ಯಕ್ಷರು ಗೋಗರೆದರು.

ಮುಂದಿನ ಸಾಲಿನ ಹಿರಿಯರೊಬ್ಬರು ಎದ್ದು ನಿಂತರು. "ಅದು ಹೇಗ್ರೀ ಆಗತ್ತೆ? ಇಬ್ಬರೂ ಎದುರಿಗೇ ಕೂತಿದಾರೆ. ಒಬ್ಬರಿಗೆ ಎತ್ತಿ ಇನ್ನೊಬ್ಬರಿಗೆ ಎತ್ತದಿದ್ರೆ ನಾಳೆ ಹ್ಯಾಗೆ ಮುಖ ನೋಡೋದು?"

ಕೊನೆಗೆ ಕೇಸರಿಬಾತಿಗೆಂದು ತಂದಿದ್ದ ಪೇಪರ್ ಪ್ಲೇಟುಗಳನ್ನು ಹರಿದು ಚೂರು ಮಾಡಿ ಹಂಚಿದರು. ನನ್ನ ಕೈಗೂ ಒಂದು ಚೂರು ಬಂತು. ನನ್ನ ಹೆಸರು ಬರೆಯಬೇಕೆಂದು ಎಷ್ಟು ಆಸೆಯಾಯಿತೆಂದರೆ ಪೆನ್ನು ಮೊದಲ ಅಕ್ಷರದ ತನಕ ಹೋಗಿ ನಿಂತಿತು. ಆದರೆ ತನಗೆ ತಾನೇ ವೋಟು ಹಾಕಿಕೊಳ್ಳುವುದೆಂದರೆ ಪಂಕ್ತಿಯಲ್ಲಿ ಬಡಿಸುವವನು ತನ್ನ ಎಲೆಗೇ ಮೊದಲು ಬಡಿಸಿಕೊಂಡ ಹಾಗೆ. ನಮ್ಮ ಮನೆಯಲ್ಲಿ ಹಾಗೆ ಬೆಳೆಸಿರಲಿಲ್ಲ. ಬರೆದ ಅಕ್ಷರ ಗೀಚಿ ಅವಳ ಹೆಸರು ಬರೆದೆ. ಪಾಪ, ಇರಲಿ ಒಂದು ವೋಟು ಎಂದುಕೊಂಡೆ.

ಅವಳಿಗೆ ಮೂವತ್ತೆರಡು. ನನಗೆ ಮೂವತ್ತೊಂದು.

ಎಲ್ಲರೂ ಚಪ್ಪಾಳೆ ತಟ್ಟಿದರು, ನಾನೂ ತಟ್ಟಿದೆ. ತಟ್ಟುತ್ತಲೇ ಲೆಕ್ಕ ಹಾಕಿದೆ. ಆ ಒಂದು ಚೂರಿನ ಮೇಲೆ ನನ್ನ ಹೆಸರಿದ್ದಿದ್ದರೆ ಮೂವತ್ತೆರಡು ನನ್ನದಾಗುತ್ತಿತ್ತು. ಅವಳು ಬಂದು ಕಾಲಿಗೆ ನಮಸ್ಕಾರ ಮಾಡಿದಳು. ತಡೆಯಲಾಗಲಿಲ್ಲ, "ನೀನು ಯಾರಿಗೆ ಹಾಕಿದೆಯಮ್ಮಾ?" ಎಂದು ಕೇಳಿಯೇಬಿಟ್ಟೆ.

"ನನಗ ಹಾಕ್ಕೊಂಡೆರಿ ಸರ್. ಗೆಲ್ಲಲಿಕ್ಕೇ ಅಲ್ಲೇನ್ರಿ ನಿಂತಿದ್ದು?"

ಎಷ್ಟು ಸರಳ! ಐವತ್ತು ವರ್ಷ ನನಗೆ ಹೊಳೆದಿರಲಿಲ್ಲ.

ಕಾರಿನಲ್ಲಿ ಹೆಂಡತಿ ಸಮಾಧಾನ ಹೇಳಿದಳು. "ನಾನಂತೂ ನಿಮಗೇ ಹಾಕಿದೆ ಕಣ್ರೀ. ನಿಮ್ಮದೊಂದು, ನನ್ನದೊಂದು ಗ್ಯಾರಂಟಿ ಇತ್ತು, ಮಿಕ್ಕವರು ಕೈ ಕೊಟ್ರು." ನಾನು ಇಂಡಿಕೇಟರ್ ಹಾಕಿ ಲೇನು ಬದಲಿಸಿದೆ. ತುಂಬಾ ಬೇಜಾರಾಗಿತ್ತು. ಎರಡು ದಿನ ಬಿಟ್ಟು ನಿಜ ಹೇಳಿದಾಗ ಅವಳು ಕಣ್ಣಲ್ಲಿ ನೀರು ಬರುವ ತನಕ ನಕ್ಕಳು. ಆಮೇಲೆ ನನಗೂ ನಗು ಬಂತು.

ಆ ವರ್ಷದ ರಾಜ್ಯೋತ್ಸವಕ್ಕೆ ಹೋದಾಗ ಬಾಗಿಲಲ್ಲಿ ಅದೇ ಮೇಜಿತ್ತು. ಬಿಸ್ಕತ್ತಿನ ಡಬ್ಬಿಯ ಜಾಗದಲ್ಲಿ ಕಾರ್ಡು ಮುಟ್ಟಿಸುವ ಪುಟ್ಟ ಯಂತ್ರ, ಹಿಂದೆ ಅವಳು. ನಾನು ಎಲ್ಲರಂತೆ ಸಾಲಿನಲ್ಲಿ ನಿಂತೆ. ನನ್ನ ಸರದಿ ಬರುವಷ್ಟರಲ್ಲಿ ಅಡುಗೆಮನೆಯ ಬಾಗಿಲಿಂದ ಯಾರೋ ಕೂಗಿದರು.

"ಖಜಾಂಚಿಗಳೇ, ಸಾಂಬಾರು ಸಾಲಲ್ಲ ಅನ್ಸತ್ತೆ, ಬೇಗ ಬನ್ನಿ!"

ಅವಳೂ ತಲೆ ಎತ್ತಿದಳು, ನಾನೂ ತಿರುಗಿದೆ. ತಿರುಗಿದ ಮೇಲೆ ನಾಚಿಕೆಯಾಗಿ ನನ್ನ ಬೂಟು ನೋಡುತ್ತಾ ನಿಂತೆ.

ಅವಳು ಟಿಕೆಟ್ ನನ್ನ ಕೈಗಿಟ್ಟಳು. "ಹೋಗ್ರಿ ಸರ್, ನಿಮ್ಮನ್ನ ಕರ್ಯಾಕತ್ತಾರ. ನನ್ನ ಎಲ್ಲಾರೂ ಹೆಸರು ಹಿಡದ ಕರೀತಾರ."

ಟಿಕೆಟ್ಟನ್ನು ಜೇಬಿಗೆ ಹಾಕಿಕೊಂಡು ಅಡುಗೆಮನೆಯ ಕಡೆ ನಡೆದೆ. ನಡೆಯಲಿಲ್ಲ, ಓಡಿದಿರಿ ಎಂದು ನನ್ನ ಹೆಂಡತಿ ಈಗಲೂ ಹೇಳುತ್ತಾಳೆ.