ಕೆಳಗಿಳಿದು ಬರುವ ಅಪೀಲು

ಕಚೇರಿಗೆ ಹೋಗುವವರ ಮೈಮೇಲೆ ಶೇರವಾನಿ ಇರಬೇಕು. ನಮ್ಮ ಓಣಿಗೆಲ್ಲ ಇದ್ದದ್ದು ಒಂದೇ, ದರ್ಜಿ ಹುಸೇನಸಾಬರದು. ಮೊಣಕೈ ಸವೆದ ಆ ಕರಿಯ ಬಟ್ಟೆ ಅಕ್ಕನ ಗಂಡ, ನಾನು ಮಾಮಾ ಎಂದು ಕರೆಯುವ ಶಿವಣ್ಣ ಮಾಸ್ತರರ ಹೆಗಲೇರಿ ಯಲಬುರ್ಗಾ, ಕೊಪ್ಪಳ ಎಂದು ಎಷ್ಟು ಅಲೆಯಿತೆಂದರೆ, ಹುಸೇನಸಾಬರು ಒಮ್ಮೆ, "ಮಾಸ್ತರ, ದಾರಿ ಈಗ ಇದಕ್ಕೇ ಗೊತ್ತೈತಿ. ನೀವು ಮನ್ಯಾಗ ಇರ್ರಿ, ಇದೊಂದನ್ನ ಕಳಸೋಣು" ಎಂದರು. ಮಾಮಾ ನಕ್ಕರು. ನಗು ಇನ್ನೂ ಉಳಿದಿದ್ದ ದಿನಗಳವು.

ಮಾಮಾ ಕಲಿಸುತ್ತಿದ್ದ ದೂರದ ಹಳ್ಳಿಯಲ್ಲಿ ಗಂಟೆ ಬಾರಿಸಿದರೆ ಮಕ್ಕಳು ಸಾಲಿಗೆ ಬರುವ ರೂಢಿಯಿರಲಿಲ್ಲ, ಗೆಳೆಯಾ. ಮಾಸ್ತರರೇ ಮನೆ ಮನೆಗೆ, ಹತ್ತಿ ಬಿಡಿಸುವ ಕಾಲದಲ್ಲಿ ಹೊಲ ಹೊಲಕ್ಕೆ ಹೋಗಿ, ತಾಯಂದಿರೊಡನೆ ಜಗಳಾಡಿ, ಕರೆದುಕೊಂಡು ಬರಬೇಕು. ಹಾಗೆ ಹೋಗಿದ್ದ ಒಂದು ಮುಂಜಾನೆ ತಪಾಸಣೆಯ ಸಾಹೇಬರು ಬಂದರು. ಬಾಗಿಲಿಗೆ ಬೀಗ ಕಂಡಿತು. ಗೈರುಹಾಜರಿ ಎಂದು ಬರೆದು ಕುದುರೆ ತಿರುಗಿಸಿದರು. ನೌಕರಿ ಹೋಯಿತು.

ಆಗ ಕಚೇರಿಯ ಭಾಷೆ ಉರ್ದು; ಕುಷ್ಟಗಿಯಲ್ಲಿ ಅದನ್ನು ಕಲಿತವನು ನಾನಾದ್ದರಿಂದ ಅರ್ಜಿ ನನ್ನ ಕೈಯಲ್ಲೇ ಆಯಿತು. ನನ್ನ ದಿನಚರಿಯಲ್ಲಿ ಕಳಿಸಿದ ಅರ್ಜಿಗೊಂದು ಗೀಟು, ಬಂದ ಉತ್ತರಕ್ಕೊಂದು ಗೀಟು ಎಳೆಯುತ್ತಿದ್ದೆ. ಎರಡನೆಯ ಸಾಲು ಬಹುಕಾಲ ಬರಿದಾಗಿಯೇ ಇತ್ತು. ಅಪೀಲು ಮೇಲಕ್ಕೆ ಹೋಗುತ್ತದೆಂದು ನಾವೆಲ್ಲ ನಂಬಿರುತ್ತೇವಲ್ಲವೇ? ನಮ್ಮದು ಪ್ರತಿ ಸಲ ಮೇಲಿನ ಮೆಟ್ಟಿಲು ಮುಟ್ಟಿ, ಅಭಿಪ್ರಾಯಕ್ಕಾಗಿ ಅದೇ ತಪಾಸಣೆಯ ಸಾಹೇಬರ ಮೇಜಿಗೆ ಇಳಿದು ಬರುತ್ತಿತ್ತು. ಪೆಟ್ಟಾಗಿದೆಯೇ ಎಂದು ಹೊಡೆದವರನ್ನೇ ಕೇಳಿ, ಇಲ್ಲವೆಂದರೆ ಇಲ್ಲವೆಂದು ಬರೆದುಕೊಳ್ಳುವ ಈ ಕ್ರಮಕ್ಕೆ ದೊಡ್ಡವರು ವಿಚಾರಣೆ ಎನ್ನುತ್ತಾರೆ. ಅದರಲ್ಲಿ ಯಾರೂ ಸುಳ್ಳು ಹೇಳಬೇಕಾಗಿಲ್ಲ. ಬೀಗ ಇದ್ದದ್ದು ನಿಜ. ನಿಜದ ಮಗ್ಗುಲಲ್ಲಿದ್ದ ಹೊಲವನ್ನು ನೋಡದಿದ್ದರಾಯಿತು.

"ಮಂದಿ ಮಕ್ಕಳನ್ನ ಹುಡುಕಾಕ ಹೋದ್ರಿ. ಈಗ ನಿಮ್ಮ ನೌಕರಿ ಹುಡುಕಾಕ ಯಾರು ಬರ್ತಾರ?" ಎಂದು ಅಕ್ಕ ರೊಟ್ಟಿ ಬಡಿಯುತ್ತಲೇ ಚುಚ್ಚುತ್ತಿದ್ದಳು. ಮಾಮಾ, "ಸಾಲಿ ಐತೆಲ್ಲ, ಅಲ್ಲಿಗೇ ಹೋಗತೀನಿ" ಎನ್ನುವರು. ಅವರಿಗೆ ಬೇಕಾದದ್ದು ಆ ಸಾಲಿಯೇ, ಮತ್ತೊಂದಲ್ಲ.

ಮೂರನೆಯ ವರ್ಷ ಮೇಲಿನ ಅಧಿಕಾರಿಯೊಬ್ಬರು ಆ ಹಳ್ಳಿಯ ಹಿರಿಯರನ್ನೇ ಕರೆಸಿ ಕೇಳಿದರು. ತೀರ್ಪು ನಮ್ಮ ಕಡೆ ಬಂತು: ಮಾಸ್ತರರನ್ನು ಅದೇ ಸಾಲಿಗೆ ಮರಳಿ ನೇಮಿಸಬೇಕು. ಹುಕುಂ ಹಿಡಿದು ಯಲಬುರ್ಗಾದ ಕಚೇರಿಗೆ ಹೋದೆವು. ಅಲ್ಲಿಯ ಗುಮಾಸ್ತರು ಓದಿ ತಲೆಯಾಡಿಸಿದರು.

"ಹುಕುಂ ಛಲೋ ಐತ್ರಿ. ಆದ್ರ ಆ ಸಾಲಿ ಹ್ವಾದ ತಿಂಗಳಾನ ಮುಚ್ಯಾರ. ಹುಡುಗ್ರು ಬರ್ತಿದ್ದಿಲ್ಲ."

"ಹೊಸ ಮಾಸ್ತರು ಕರಿಯಾಕ ಹೋಗತಿದ್ದಿಲ್ಲೇನ್ರಿ?" ಎಂದು ಮಾಮಾ ಕೇಳಿದರು.

"ಹ್ಯಾಂಗ ಹೋದಾರ್ರಿ, ನಿಮ್ಮ ಸುದ್ದಿ ಕೇಳಿದ ಮ್ಯಾಲೆ? ಮುಚ್ಚೂತನಕಾ ಕುರ್ಚಿ ಬಿಟ್ಟು ಎದ್ದಿಲ್ಲ. ಒಂದು ದಿನಾನೂ ಗೈರುಹಾಜರಿ ಇಲ್ಲ ನೋಡ್ರಿ."

ಗುಮಾಸ್ತರು ಅದನ್ನು ಮೆಚ್ಚುಗೆಯಿಂದಲೇ ಹೇಳಿದರು. ಮಾಮಾ ಹುಕುಮನ್ನು ಅವರ ಮೇಜಿನ ಮೇಲೆಯೇ ಬಿಟ್ಟು ಹೊರಗೆ ನಡೆದರು.