ಬಿರುಕು ಮುಚ್ಚಿದ ಕೋಣೆ

ಮೊಮ್ಮಗಳು ಶಾಲೆಯ ಚಾರ್ಟಿಗೆಂದು ಮೈದಾ ಅಂಟು ಕಾಯಿಸುತ್ತಿದ್ದಳು. ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಮೂಡುಬಿದಿರೆಯಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಕಾಲೇಜು ಮಾಸ್ಟ್ರು ನೆನಪಾದರು.

ಎಪ್ಪತ್ತರ ದಶಕದ ಕೊನೆಯ ಮಾತು. ಶಬ್ದಕ್ಕಿಂತ ವೇಗವಾಗಿ ಓಡುವ ಗಾಳಿ ಹೇಗೆ ವರ್ತಿಸುತ್ತದೆ ಎಂಬುದೇ ಮಾಸ್ಟ್ರ ಸಂಶೋಧನೆ. ತೋಡಾರಿನ ಟಯರ್ ಅಂಗಡಿಯಿಂದ ಹಳೆಯ ಕಂಪ್ರೆಸರ್ ತಂದು ಹಿಂದಿನ ಕೋಣೆಯಲ್ಲಿಟ್ಟಿದ್ದರು. ಸಣ್ಣ ನಳಿಗೆಯಿಂದ ಗಾಳಿ ಕಿವಿ ಸೀಳುವಂತೆ ನುಗ್ಗುವಾಗ, ಬಟ್ಟಲಿನಂತೆ ತಗ್ಗಾದ ಕನ್ನಡಿ, ಬಲ್ಬು, ಶೇವಿಂಗ್ ಬ್ಲೇಡು ಹೊಂದಿಸಿ ಆ ಗಾಳಿಯ ನೆರಳನ್ನೇ ಬಿಳಿ ಬಟ್ಟೆಯ ಮೇಲೆ ಬೀಳಿಸುತ್ತಿದ್ದರು. ಶಂಕರಪೋಳಿಯ ಓರೆ ಚೌಕಗಳನ್ನು ಸಾಲಾಗಿ ಇಟ್ಟ ಹಾಗೆ ಕಾಣುತ್ತಿತ್ತು ಮಾರಾಯ್ರೇ! ಆ ಗಾಳಿಯ ಲೆಕ್ಕವನ್ನು ತೂತಿನ ಕಾರ್ಡುಗಳಲ್ಲಿ ಬೆಂಗಳೂರಿನ ಕಂಪ್ಯೂಟರಿಗೆ ಕಳಿಸಿ, ಅದು ಅಚ್ಚು ಹಾಕಿ ಕೊಟ್ಟ ಚಿತ್ರವನ್ನು ನೆರಳಿನ ಪಕ್ಕ ಹಿಡಿದು ಹಿಗ್ಗುತ್ತಿದ್ದರು. ಎರಡೂ ಒಂದೇ. "ಇವರದ್ದು ಮುಗಿಯುವ ಹುಚ್ಚಲ್ಲ ಅಕ್ಕ" ಎಂದು ಅವರ ಹೆಂಡತಿ, ನನ್ನ ಗೆಳತಿ, ನಗುತ್ತಿದ್ದಳು.

ಅವಳು ಜ್ವರದಲ್ಲಿ ಹೋಗಿಬಿಟ್ಟಳು...

ಆಟಿ, ಅಂದರೆ ಆಷಾಢದ ತಿಂಗಳಲ್ಲಿ, ಸತ್ತವರಿಗೆ ಎಲೆ ಹಾಕಿ ಬಡಿಸಿ, ಬಾಗಿಲು ಮುಚ್ಚಿ, ಅವರು ಉಂಡು ಹೋಗುವವರೆಗೆ ಹೊರಗೆ ನಿಲ್ಲುವುದು ನಮ್ಮ ಕ್ರಮ. ಮಾಸ್ಟ್ರಿಗೆ ಇದೆಲ್ಲ ತಮಾಷೆ. "ಬಡಿಸಿ ಅಕ್ಕ. ಉಣ್ಲಿಕ್ಕೆ ಯಾರು ಬರ್ತಾರೆ, ನಾನೂ ನೋಡ್ತೇನೆ" ಎಂದು ಕನ್ನಡಿಯನ್ನು ಎಲೆಯ ಹಿಂದೆಯೇ ನಿಲ್ಲಿಸಿದರು. ಬಾಗಿಲಿನ ಗಾಜಿನ ಕಿಂಡಿಯಿಂದ ಬೆಳಕು, ನಾವು ನಿಂತಿದ್ದ ಜಗಲಿಯಲ್ಲಿ ಕಟ್ಟಿದ ಬಿಳಿ ಬಟ್ಟೆಗೆ ಬಿತ್ತು. ಬಿಸಿ ಅನ್ನದ ಹಬೆ ನೆರಳಾಗಿ ನೆಟ್ಟಗೆ ಏರಿತು. ಸ್ವಲ್ಪ ಹೊತ್ತಿಗೆ ಖಾಲಿ ಮಣೆಯ ಕಡೆಗೆ ಬಾಗಿತು. ನಿಂತಿತು. ಮತ್ತೆ ಬಾಗಿತು... ಯಾರೋ ಬಗ್ಗಿ ಉಸಿರೆಳೆದುಕೊಂಡ ಹಾಗೆ. ಉಣ್ಣುವ ಮೊದಲು ಅನ್ನದ ಪರಿಮಳ ಮೂಸುವುದು ಅವಳ ಅಭ್ಯಾಸವಾಗಿತ್ತು.

"ಎಲ್ಲೋ ಬಿರುಕು ಉಂಟು, ಗಾಳಿ ನುಗ್ತದೆ, ಅಷ್ಟೇ" ಎಂದರು ಮಾಸ್ಟ್ರು. ಕಣ್ಣು ಮಾತ್ರ ಬಟ್ಟೆಯ ಮೇಲೆಯೇ ಇತ್ತು.

ಆಮೇಲೆ ಕಂಪ್ರೆಸರ್ ಮೂಲೆ ಸೇರಿತು. ಇಡೀ ವರ್ಷ ಆ ಹಬೆಯದೇ ಲೆಕ್ಕ. ಮುಚ್ಚಿದ ಕೋಣೆಯಲ್ಲಿ ಹಬೆ ನೆಟ್ಟಗೇ ಏರಬೇಕು ಎಂದಿತು ಕಂಪ್ಯೂಟರ್. ಮುಂದಿನ ಆಟಿಗೆ ನಾನು ಮೈದಾ ಅಂಟು ಕಾಯಿಸಿ ಕೊಟ್ಟೆ. ಕಿಟಕಿ, ತಲೆ ಮೇಲಿನ ಮುಚ್ಚಿಗೆಯ ಹಲಗೆ, ಕೊನೆಗೆ ಮುಚ್ಚಿದ ಬಾಗಿಲಿನ ಸಂದು, ಎಲ್ಲಕ್ಕೂ ಅವರು ಪೇಪರು ಅಂಟಿಸಿದರು.

ಹಬೆ ಕಂಬದ ಹಾಗೆ ನೆಟ್ಟಗೆ ಎದ್ದಿತು. ಅನ್ನ ಆರುವವರೆಗೂ ಅಲ್ಲಾಡಲಿಲ್ಲ.

"ಲೆಕ್ಕ ಸರಿಯಾಯ್ತಲ್ಲ ಮಾಸ್ಟ್ರೇ" ಎಂದೆ. ನನಗೇನೋ ಜೀವ ಬಂದಂತಾಗಿತ್ತು. ಅವರು ಜಗಲಿಯಲ್ಲೇ ಕುಸಿದು ಕೂತರು.

"ಅವಳಿಗೆ ಬರ್ಲಿಕ್ಕೆ ದಾರಿಯೇ ಇಡ್ಲಿಲ್ಲ ಅಲ್ವಾ ಅಕ್ಕ, ನಾನು..."

ಗಳಗಳ ಅತ್ತರು. ಮತ್ತೆ ಎದ್ದು ಉಗುರಿನಿಂದಲೇ ಕಾಗದ ಕಿತ್ತರು. ನನಗೆ ಅವರನ್ನು ತಡೆಯುವ ಧೈರ್ಯ ಬರಲಿಲ್ಲ.

ಕೆಲವು ತಿಂಗಳಿಗೆ ಮಾಸ್ಟ್ರು ಕನ್ನಡಿಯನ್ನು ನನ್ನಲ್ಲೇ ಬಿಟ್ಟು ಬಂಟ್ವಾಳದ ಕಡೆ ಹೋದರು. ಈಗ ಅವರೂ ಇಲ್ಲ. ಅವರಿಗೆ ಮಕ್ಕಳಿರಲಿಲ್ಲ, ಆಟಿಯಲ್ಲಿ ಇಬ್ಬರಿಗೂ ನಾನೇ ಎಲೆ ಹಾಕುತ್ತೇನೆ. ಇವತ್ತೂ ಅದೇ ದಿನ.

ಈ ಕಥೆ ಕೇಳಿದ ಮೊಮ್ಮಗಳು, "ಅಜ್ಜಿ, ಇವತ್ತು ಕನ್ನಡಿ ಇಟ್ಟು ನೋಡುವನಾ?" ಎಂದಳು.

"ಬೇಡ ಮಗಾ" ಎಂದೆ. ಹಬೆ ಬಾಗಿದರೆ ನನಗೆ ಹೆದರಿಕೆಯಿಲ್ಲ. ನೆಟ್ಟಗೆ ಏರಿದರೆ ತಡೆದುಕೊಳ್ಳಲಾರೆ. ಎರಡು ಎಲೆಗೂ ಬಿಸಿ ಅನ್ನ ಬಡಿಸಿದೆ. ಬಾಗಿಲು ಎಳೆಯುವ ಮೊದಲು ಕಿಟಕಿಯನ್ನು ಒಂದು ಗೇಣು ತೆರೆದಿಟ್ಟು ಬಂದೆ.